ನಿಕ್ಕೋಗೆ ಒಂದು ದಿನದ ಟೂರ್: ಬುಕ್ ಮಾಡುವ ಮೊದಲು ಕ್ಯಾನ್ಸಲ್ ಲೆಕ್ಕ ತಿಳಿದುಕೊಳ್ಳಿ

ಟೋಕಿಯೊದಲ್ಲಿರುವ ಕನ್ನಡಿಗರ ಮನೆಗೆ ಊರಿಂದ ಅಪ್ಪ-ಅಮ್ಮ ಬಂದರೆ, ಎರಡನೇ ವಾರಕ್ಕೆ ನಿಕ್ಕೋ ಮಾತು ಬಂದೇ ಬರುತ್ತದೆ. ದೇವಸ್ಥಾನ, ಹಳೆಯ ತೋಟ, ಜಲಪಾತ, ಬೆಟ್ಟದ ಮೇಲಿನ ಸರೋವರ ಎಲ್ಲವೂ ಒಂದೇ ದಿನದಲ್ಲಿ ಸಿಗುವ ಜಾಗ ಟೋಕಿಯೊ ಹತ್ತಿರ ಇನ್ನೊಂದಿಲ್ಲ ಅನ್ನುವುದು ನನ್ನ ಅಭಿಪ್ರಾಯ. ಅಸಾಕುಸಾದಿಂದ ರೈಲಿನಲ್ಲಿ ಸುಮಾರು ಎರಡು ಗಂಟೆ. ನಿಮ್ಮಷ್ಟಕ್ಕೆ ಹೋಗುವುದಾದರೆ ರೈಲೇ ಚೆಂದ. ಆದರೆ ಎಪ್ಪತ್ತು ದಾಟಿದವರನ್ನು ಕರೆದುಕೊಂಡು ರೈಲಿಳಿದು, ಬೆಟ್ಟದ ಬಸ್ಸಿಗೆ ಕ್ಯೂ ನಿಂತು, ಸಂಜೆ ಮತ್ತೆ ಅದೇ ಕ್ಯೂ ನಿಲ್ಲುವುದು ಕಷ್ಟ. ಅಂಥವರಿಗೆ ಗೈಡ್ ಇರುವ ಬಸ್ ಟೂರ್ ಒಳ್ಳೆಯ ವ್ಯವಸ್ಥೆ. ಆ ವ್ಯವಸ್ಥೆಯ ನಿಯಮ ಗೊತ್ತಿಲ್ಲದೆ ಪ್ರತಿ ಶರತ್ಕಾಲದಲ್ಲೂ ನಮ್ಮವರು ಒಂದೇ ಕಡೆ ದುಡ್ಡು ಕಳೆದುಕೊಳ್ಳುತ್ತಾರೆ. ಅದನ್ನು ನೋಡಿ ನೋಡಿ ಇದನ್ನು ಬರೆಯುತ್ತಿದ್ದೇನೆ.

ಚಪ್ಪಲಿ ಬಿಡುವುದು, ಟಿಪ್ಸ್ ಕೊಡದಿರುವುದು, ಬಸ್ಸಿನಲ್ಲಿ ಫೋನಿನಲ್ಲಿ ಮಾತಾಡದಿರುವುದು ಇವೆಲ್ಲ ನಿಮಗೆ ಗೊತ್ತೇ ಇದೆ. ನೇರ ವಿಷಯಕ್ಕೆ ಬರುತ್ತೇನೆ.

ಮೊದಲು ಬ್ರೋಷರ್ ಓದುವ ಕ್ರಮ. ಜಪಾನೀ ಕಂಪನಿಗಳ ವೇಳಾಪಟ್ಟಿಯಲ್ಲಿ ಒಂದೊಂದು ಜಾಗದ ಹೆಸರಿನ ಪಕ್ಕ ಚಿಕ್ಕ ಗುರುತು ಇರುತ್ತದೆ. ಸಾಮಾನ್ಯವಾಗಿ ಜೋಡಿ ವೃತ್ತ ಇದ್ದರೆ ಟಿಕೆಟ್ ಸೇರಿ ಒಳಗೆ ಹೋಗಿ ನೋಡುವುದು, ಒಂಟಿ ವೃತ್ತ ಇದ್ದರೆ ಇಳಿದು ಹೊರಗಿನಿಂದ ನೋಡುವುದು, ತ್ರಿಕೋನ ಇದ್ದರೆ ಬಸ್ಸಿನ ಕಿಟಕಿಯಿಂದ ನೋಡುವುದು. ಪುಟದ ತುದಿಯಲ್ಲಿ ಸಣ್ಣ ಅಕ್ಷರದಲ್ಲಿ ವಿವರಣೆ ಇರುತ್ತದೆ. ಆರು ಜಾಗ ತೋರಿಸುತ್ತಾರೆಂದು ಖುಷಿಯಿಂದ ಬುಕ್ ಮಾಡಿ, ಅದರಲ್ಲಿ ಎರಡು ಕಿಟಕಿಯಾಚೆ ಓಡಿಹೋಗಿದ್ದನ್ನು ಕಂಡು ಬೇಸರಪಟ್ಟವರು ನನಗೆ ಗೊತ್ತು. ಇಂಗ್ಲಿಷ್ ಅನುವಾದದಲ್ಲಿ ಈ ಗುರುತುಗಳು ಮಾಯವಾಗುವುದುಂಟು. ಹಾಗಾಗಿ ಜಪಾನೀ ಪುಟವನ್ನೂ ಒಮ್ಮೆ ತೆರೆದು ನೋಡಿ.

ಎರಡನೆಯದು, ಯಾವ ಜಾಗ ಮೊದಲು ಅನ್ನುವುದು. ನಿಕ್ಕೋದ ಮುಖ್ಯ ದೇಗುಲ ತೋಶೋಗೂ. ಅದರ ಬಾಗಿಲು ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ ಸಂಜೆ 5ಕ್ಕೆ, ನವೆಂಬರ್‌ನಿಂದ ಮಾರ್ಚ್‌ವರೆಗೆ 4ಕ್ಕೇ ಮುಚ್ಚುತ್ತದೆ. ಅದಕ್ಕೂ ಅರ್ಧ ಗಂಟೆ ಮೊದಲೇ ಒಳಗೆ ಬಿಡುವುದು ನಿಲ್ಲುತ್ತದೆ. ಸರೋವರಕ್ಕೆ ಹತ್ತುವ ಇರೋಹಾಜಾಕಾ ಘಾಟಿಯಲ್ಲಿ ಒಟ್ಟು 48 ತಿರುವುಗಳು. ಹತ್ತುವ ರಸ್ತೆ ಬೇರೆ, ಇಳಿಯುವ ರಸ್ತೆ ಬೇರೆ. ಎಲೆ ಕೆಂಪಾಗುವ ದಿನಗಳಲ್ಲಿ ಅಲ್ಲಿ ವಾಹನಗಳು ಗಂಟೆಗಟ್ಟಲೆ ನಿಂತುಬಿಡುತ್ತವೆ. ಮೊದಲು ಘಾಟಿ ಹತ್ತಿ ಆಮೇಲೆ ತೋಶೋಗೂಗೆ ಬರುವ ಟೂರ್ ಶರತ್ಕಾಲದಲ್ಲಿ ಬೇಡ. ಬೆಳಗ್ಗೆಯೇ ತೋಶೋಗೂ ಮುಗಿಸಿ ಮೇಲೆ ಹೋಗುವುದನ್ನು ಆರಿಸಿ.

ಈಗ ನಾನು ಇದನ್ನು ಬರೆಯಲು ಕಾರಣವಾದ ವಿಷಯ, ಕ್ಯಾನ್ಸಲ್ ಶುಲ್ಕ.

ಜಪಾನಿನಲ್ಲಿ ನೋಂದಾಯಿತ ಕಂಪನಿಗಳು ನಡೆಸುವ ಪ್ಯಾಕೇಜ್ ಪ್ರವಾಸಗಳಿಗೆ ಸರ್ಕಾರವೇ ಪ್ರಕಟಿಸಿದ ಒಂದು ಮಾದರಿ ಕರಾರು ಇದೆ. ಬಹುತೇಕ ಎಲ್ಲರೂ ಅದನ್ನೇ ಬಳಸುತ್ತಾರೆ. ದೇಶದೊಳಗಿನ ಒಂದು ದಿನದ ಟೂರ್‌ಗೆ ಅದರಲ್ಲಿರುವ ಗರಿಷ್ಠ ಶುಲ್ಕ ಹೀಗೆ: ಹತ್ತನೇ ದಿನದಿಂದ ಎಂಟನೇ ದಿನದವರೆಗೆ ನೂರಕ್ಕೆ 20, ಏಳನೇ ದಿನದಿಂದ ಎರಡನೇ ದಿನದವರೆಗೆ 30, ಹಿಂದಿನ ದಿನ 40, ಹೊರಡುವ ದಿನ ಹೊರಡುವ ಮೊದಲು 50. ಹೊರಟ ಮೇಲಾದರೆ, ಅಥವಾ ಹೇಳದೇ ಕೇಳದೇ ಬಾರದಿದ್ದರೆ, ಪೂರ್ತಿ 100. ಎಣಿಕೆ ಶುರುವಾಗುವುದು ಹಿಂದಿನ ದಿನದಿಂದ, ಹಿಮ್ಮುಖವಾಗಿ. ಅಕ್ಟೋಬರ್ 25ಕ್ಕೆ ಟೂರ್ ಇದ್ದರೆ 24 ಒಂದನೇ ದಿನ, 15 ಹತ್ತನೇ ದಿನ. ಅಂದರೆ 14ರವರೆಗೆ ಪುಕ್ಕಟೆ, 15ರಿಂದ 17ರವರೆಗೆ 20, 18ರಿಂದ 23ರವರೆಗೆ 30, 24ಕ್ಕೆ 40.

ಇಷ್ಟನ್ನು ಓದಿದವರೂ ಬೀಳುವ ಹಳ್ಳ ಮುಂದಿದೆ. ಕ್ಯಾನ್ಸಲ್ ಮಾಡಿದ ದಿನ ಅಂದರೆ ನೀವು ಮೇಲ್ ಕಳಿಸಿದ ದಿನ ಅಲ್ಲ. ಕಂಪನಿಯ ಕೆಲಸದ ವೇಳೆಯಲ್ಲಿ ಅದು ಅವರ ಕೈಸೇರಿದ ದಿನ. ಕಚೇರಿ ಮುಚ್ಚಿದ ಮೇಲೆ ಬಂದ ಮೇಲ್ ಮುಂದಿನ ಕೆಲಸದ ದಿನದ ಲೆಕ್ಕಕ್ಕೆ ಹೋಗುತ್ತದೆ.

ಟೋಕಿಯೊದ ನಿಶಿ-ಕಸಾಯಿಯಲ್ಲಿರುವ ನಮ್ಮ ಪರಿಚಯದ ಒಂದು ಕುಟುಂಬ ಭಾನುವಾರದ ನಿಕ್ಕೋ ಟೂರ್‌ಗೆ ಐದು ಸೀಟು ತೆಗೆದುಕೊಂಡಿತ್ತು. ತಲೆಗೆ ಹದಿಮೂರು ಸಾವಿರ ಯೆನ್. ಶುಕ್ರವಾರ ಸಂಜೆ ಮಾವನವರಿಗೆ ಜ್ವರ ಬಂತು. ರಾತ್ರಿ ಒಂಬತ್ತಕ್ಕೆ ಸೊಸೆ ತುಂಬ ವಿನಯದಿಂದ ಇಂಗ್ಲಿಷಿನಲ್ಲಿ ಮೇಲ್ ಬರೆದು, ಎರಡು ದಿನ ಮುಂಚೆಯೇ ಹೇಳಿದ್ದೇವಲ್ಲ, ಮೂವತ್ತು ಪರ್ಸೆಂಟ್ ಹೋದರೆ ಹೋಗಲಿ ಅಂತ ಮಲಗಿದರು. ಆ ಕಂಪನಿಯ ಬುಕಿಂಗ್ ಕಚೇರಿಗೆ ಶನಿವಾರ, ಭಾನುವಾರ ರಜೆ. ಮೇಲ್ ತೆರೆದದ್ದು ಸೋಮವಾರ. ಅಷ್ಟರಲ್ಲಿ ಬಸ್ ಹೋಗಿ ಬಂದಾಗಿತ್ತು. ಅರವತ್ತೈದು ಸಾವಿರ ಯೆನ್‌ನಲ್ಲಿ ಒಂದು ಯೆನ್ನೂ ವಾಪಸ್ ಬರಲಿಲ್ಲ. ಡಾಕ್ಟರ್ ಚೀಟಿ ಕಳಿಸಿದರು, ಪ್ರಯೋಜನವಾಗಲಿಲ್ಲ. ಪ್ರಯಾಣಿಕರ ಕಾಯಿಲೆ ಶುಲ್ಕ ಬಿಡಲು ಕಾರಣವಾಗುವುದಿಲ್ಲ.

ಆ ಮನೆಯವರಿಗೆ ನಷ್ಟ ತಪ್ಪಿಸುವ ದಾರಿಗಳಿದ್ದವು ಅನ್ನುವುದೇ ನನಗೆ ಹೆಚ್ಚು ಸಂಕಟ. ವೆಬ್‌ಸೈಟಿನ ನಿಮ್ಮ ಖಾತೆಯಲ್ಲೇ ಕ್ಯಾನ್ಸಲ್ ಬಟನ್ ಇದ್ದರೆ ಮೇಲ್ ಬರೆಯಲು ಹೋಗಬೇಡಿ, ಅದನ್ನೇ ಒತ್ತಿ. ಬಟನ್ ಒತ್ತಿದ ಸಮಯ ದಾಖಲಾಗುತ್ತದೆ. ಅದಿಲ್ಲದಿದ್ದರೆ ಫೋನ್ ಮಾಡಿ. ಪ್ರಯಾಣದ ಕಾಗದದಲ್ಲಿ ಹೊರಡುವ ದಿನದ ತುರ್ತು ನಂಬರ್ ಕೊಟ್ಟಿರುತ್ತಾರೆ. ಜಪಾನೀ ಬಾರದಿದ್ದರೆ ಆಫೀಸಿನ ಸಹೋದ್ಯೋಗಿಯನ್ನು ಕೇಳಿಕೊಳ್ಳಿ, ಐದು ನಿಮಿಷದ ಕೆಲಸ. ಆ ನಂಬರಿಗೆ ಭಾನುವಾರ ಬೆಳಗ್ಗೆ ಬಸ್ ಹೊರಡುವ ಮೊದಲು ಒಂದು ಮಾತು ತಲುಪಿಸಿದ್ದರೂ ಅರ್ಧ ದುಡ್ಡು ಕೇಳುವ ಹಕ್ಕು ಉಳಿಯುತ್ತಿತ್ತು. ಇನ್ನೊಂದು ದಾರಿ ನಮ್ಮವರಿಗೆ ಗೊತ್ತೇ ಇರುವುದಿಲ್ಲ. ಕಂಪನಿ ಒಪ್ಪಿದರೆ ನಿಮ್ಮ ಸೀಟನ್ನು ಬೇರೆಯವರ ಹೆಸರಿಗೆ ಬದಲಾಯಿಸಲು ಕರಾರಿನಲ್ಲೇ ಅವಕಾಶ ಇದೆ. ಒಂದಿಷ್ಟು ಶುಲ್ಕ ಕೇಳಬಹುದು. ಜ್ವರ ಬಂದ ದಿನವೇ ಕನ್ನಡ ಬಳಗದ ವಾಟ್ಸಾಪ್ ಗುಂಪಿನಲ್ಲಿ ಕೇಳಿದ್ದರೆ ಐದು ಜನ ಹತ್ತು ನಿಮಿಷದಲ್ಲಿ ಸಿಗುತ್ತಿದ್ದರು.

ಮಳೆ ವಿಷಯದಲ್ಲೂ ಇದೇ ನಿಯಮ ಕಚ್ಚುತ್ತದೆ. ಸಾದಾ ಮಳೆಗೆ ಟೂರ್ ನಿಲ್ಲುವುದಿಲ್ಲ, ಮಂಜು ಕವಿದು ಜಲಪಾತವೇ ಕಾಣದಿದ್ದರೂ ದುಡ್ಡು ವಾಪಸಿಲ್ಲ. ಟೈಫೂನ್ ಬರುತ್ತದೆಂದು ಮುನ್ಸೂಚನೆ ಬಂದಾಗ ನಮ್ಮವರು ಗಾಬರಿಯಾಗಿ ತಾವೇ ಕ್ಯಾನ್ಸಲ್ ಮಾಡಿಬಿಡುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ರಸ್ತೆ ಮುಚ್ಚಿ, ಸುರಕ್ಷಿತವಾಗಿ ನಡೆಸಲಾಗದೆ ಕಂಪನಿಯೇ ರದ್ದು ಮಾಡಿದರೆ ಪೂರ್ತಿ ಹಣ ಬರುತ್ತದೆ. ಅದಕ್ಕೆ ಮುಂಚೆ ನೀವಾಗಿ ಹಿಂದೆ ಸರಿದರೆ ಶುಲ್ಕ ನಿಮ್ಮ ಮೇಲೆ. ಒಂದು ದಿನ ಕಾಯುವ ತಾಳ್ಮೆಗೆ ಸಾವಿರಾರು ಯೆನ್ ಬೆಲೆ ಇದೆ.

ಕಂಪನಿಗೂ ಹಿಂದೆ ಸರಿಯುವ ಹಕ್ಕಿದೆ. ಕನಿಷ್ಠ ಸಂಖ್ಯೆಯ ಜನ ಸೇರದಿದ್ದರೆ ಅವರು ಟೂರ್ ರದ್ದು ಮಾಡಬಹುದು. ಒಂದು ದಿನದ ಪ್ರವಾಸಕ್ಕೆ ಮೂರನೇ ದಿನಕ್ಕೂ ಮೊದಲು ತಿಳಿಸಿದರೆ ಸಾಕು. ಮೇಲಿನ ಉದಾಹರಣೆಯಲ್ಲಿ ಅದು 21ನೇ ತಾರೀಖು. ಆ ಹೊತ್ತಿಗೆ ನೀವು ಬಿಟ್ಟರೆ 30 ಪರ್ಸೆಂಟ್, ಅವರು ಬಿಟ್ಟರೆ ನಿಮ್ಮ ದುಡ್ಡು ನಿಮಗೆ, ಅಷ್ಟೇ. ಇದು ನನಗೆ ನ್ಯಾಯ ಅನಿಸುವುದಿಲ್ಲ. ಅಪ್ಪ-ಅಮ್ಮ ಊರಿಗೆ ಮರಳುವ ದಿನ ಹತ್ತಿರವಿದ್ದರೆ, ಹೊರಡುವುದು ಖಚಿತ ಎಂದು ಗುರುತು ಹಾಕಿದ ದಿನಾಂಕವನ್ನೇ ಹಿಡಿಯಿರಿ. ಇಂಗ್ಲಿಷ್ ಗೈಡ್ ಇರುವ ಟೂರ್‌ಗಳನ್ನು ಅಂತರರಾಷ್ಟ್ರೀಯ ವೆಬ್‌ಸೈಟುಗಳಲ್ಲಿ ಮಾರುವಾಗ ಷರತ್ತು ಬೇರೆ ಇರುತ್ತದೆ. ಕೆಲವು ಕಡೆ 24 ಗಂಟೆ ಮುಂಚಿನವರೆಗೂ ಪೂರ್ತಿ ಹಣ ಕೊಡುತ್ತಾರೆ. ವಯಸ್ಸಾದವರಿಗೆ ಬುಕ್ ಮಾಡುವಾಗ ಸ್ವಲ್ಪ ದುಬಾರಿಯಾದರೂ ಅಂಥದ್ದನ್ನೇ ನಾನು ಶಿಫಾರಸು ಮಾಡುತ್ತೇನೆ.

ಯಾವ ಪದ್ಧತಿ ಮೇಲು ಎಂದು ಕೇಳುವವರಿದ್ದಾರೆ. ಬೇಲೂರು, ಹಳೇಬೀಡು, ಶ್ರವಣಬೆಳಗೊಳ ತೋರಿಸುವ ಒಂದು ದಿನದ ಬಸ್ಸಿನಲ್ಲಿ ಒಬ್ಬರು ಹಿಂದುಳಿದರೆ ಡ್ರೈವರ್ ಕಾಯುತ್ತಾರೆ, ಕಂಡಕ್ಟರ್ ಹುಡುಕಿಕೊಂಡು ಬರುತ್ತಾರೆ. ‘ಸ್ವಲ್ಪ ನೋಡಿ ಸಾರ್’ ಅಂದರೆ ಎಲ್ಲೋ ಒಂದು ದಾರಿ ತೆರೆಯುತ್ತದೆ. ಇಲ್ಲಿ ಹಾಗೆ ಕೇಳಿದರೆ ಎದುರಿನ ಸಿಬ್ಬಂದಿ ಮತ್ತೆ ಮತ್ತೆ ತಲೆಬಾಗಿ ಕ್ಷಮೆ ಕೇಳುತ್ತಾರೆ, ನಿಯಮ ಮಾತ್ರ ಕದಲುವುದಿಲ್ಲ. ಆದರೆ ವಾಪಸ್ ಬರಬೇಕಾದ ದುಡ್ಡು ಕೇಳದೆಯೇ, ಹೇಳಿದ ದಿನ ಬರುತ್ತದೆ. ಹಣದ ವ್ಯವಹಾರದಲ್ಲಿ ಜಪಾನಿನ ಕ್ರಮವೇ ನನಗೆ ಇಷ್ಟ. ವಯಸ್ಸಾದವರನ್ನು ಸಂಭಾಳಿಸುವುದರಲ್ಲಿ ನಮ್ಮೂರಿನದೇ ಇಷ್ಟ.

ಸಮಯದ ಬಗ್ಗೆ ಒಂದೇ ಮಾತು. ಎಂಟಕ್ಕೆ ಅಂದರೆ ಎಂಟಕ್ಕೆ ಚಕ್ರ ಉರುಳುತ್ತದೆ, ತಪ್ಪಿಸಿಕೊಂಡವರ ಲೆಕ್ಕ 100 ಪರ್ಸೆಂಟ್. ಬಸ್ ಶಿಂಜುಕುವಿನಿಂದ ಹೊರಡುವುದಾದರೆ, ಆ ಸ್ಟೇಷನ್ನಿಗೆ 200ಕ್ಕೂ ಹೆಚ್ಚು ಬಾಗಿಲುಗಳಿವೆ. ಬಸ್ ನಿಲ್ಲುವ ಜಾಗವನ್ನು ಹಿಂದಿನ ದಿನವೇ ಒಬ್ಬರು ಹೋಗಿ ನೋಡಿಕೊಂಡು ಬನ್ನಿ. ಮರಳುವ ಸಮಯಕ್ಕೆ ಆ ಖಾತರಿ ಇಲ್ಲ. ಟ್ರಾಫಿಕ್‌ನಿಂದ ತಡವಾದರೆ ಕಂಪನಿ ಪರಿಹಾರ ಕೊಡುವುದಿಲ್ಲ. ಅದೇ ರಾತ್ರಿ ವಿಮಾನ ಇಟ್ಟುಕೊಳ್ಳಬೇಡಿ.

ತೋಶೋಗೂ ಒಳಗೆ ಬರುವವರು ಮೂರು ಕೋತಿಗಳ ಮುಂದೆ ಫೋಟೊ ಹಿಡಿದು ಮುಂದೆ ಸರಿಯುತ್ತಾರೆ. ಯೋಮೆಯ್‌ಮೋನ್ ದ್ವಾರದಲ್ಲಿ 508 ಕೆತ್ತನೆಗಳಿವೆ, ಅಲ್ಲಿ ನಿಂತು ನೋಡಿ. 1617ರಲ್ಲಿ ಸ್ಥಾಪನೆಯಾದ ಈ ಸ್ಥಳವನ್ನು ಇಂದಿನ ವೈಭವಕ್ಕೆ ತಂದದ್ದು 1636ರಲ್ಲಿ, ಜಪಾನನ್ನು ಆಳಿದ ಸೇನಾಧಿಪತಿ ತೊಕುಗಾವಾ ಇಯೆಯಾಸುವಿನ ಮೊಮ್ಮಗ ಇಯೆಮಿತ್ಸು. ಇಯೆಯಾಸು ಸಮಾಧಿಗೆ ಹೋಗಲು 207 ಕಲ್ಲು ಮೆಟ್ಟಿಲು, ಲಿಫ್ಟ್ ಇಲ್ಲ. ಮಂಡಿ ನೋವಿರುವ ಅಮ್ಮಂದಿರನ್ನು ಕೆಳಗೇ ಕೂರಿಸಿ. ಅವರ ಶಕ್ತಿಯನ್ನು ರಿನ್ನೋಜಿ ಬೌದ್ಧ ದೇವಾಲಯದ ಸಾನ್‌ಬುತ್ಸುದೋಗೆ ಉಳಿಸಿ. ಅಲ್ಲಿ ಅಮಿತಾಭ ಮತ್ತು ಸಹಸ್ರಭುಜದ ಅವಲೋಕಿತೇಶ್ವರರ ಜೊತೆಗೆ ಕಿರೀಟದಲ್ಲಿ ಕುದುರೆಯ ತಲೆ ಹೊತ್ತ ರೂಪವೊಂದಿದೆ. ಬೌದ್ಧರ ಹಯಗ್ರೀವ ಅದು. ವಾದಿರಾಜರ ಹಯಗ್ರೀವನನ್ನು ಆರಾಧಿಸುವ ಉಡುಪಿ ಕಡೆಯ ಒಬ್ಬ ಅಜ್ಜಿ ಅದರ ಮುಂದೆ ಕೈಮುಗಿದು ನಿಂತು, ಗೈಡ್ ಬಾವುಟ ಎತ್ತಿ ಕರೆದರೂ ಹಂದಲಿಲ್ಲ. ಅದೇ ಆವರಣದ ಎದುರಿಗೆ ಶೋಯೋಎನ್ ತೋಟ, ಕೊಳದ ಸುತ್ತ ನಡೆಯುವ ತೊಕುಗಾವಾ ಆಳ್ವಿಕೆಯ ಎದೋ ಕಾಲದ ವಿನ್ಯಾಸ. ಇದಕ್ಕೆ ಬೇರೆ ಟಿಕೆಟ್, ಬಹಳಷ್ಟು ಟೂರ್‌ಗಳು ಇದನ್ನು ಬಿಟ್ಟುಬಿಡುತ್ತವೆ. ಸ್ವತಂತ್ರವಾಗಿ ಬಿಡುವ ಸಮಯ ಸಿಕ್ಕರೆ ಅಂಗಡಿ ಬಿಟ್ಟು ಅಲ್ಲಿಗೆ ಹೋಗಿ.

ಮೇಲೆ ಚೂಜೆಂಜಿ ಸರೋವರ 1,269 ಮೀಟರ್ ಎತ್ತರದಲ್ಲಿದೆ. ನಾಂತಾಯ್ ಜ್ವಾಲಾಮುಖಿಯ ಲಾವಾ ಕಣಿವೆಗೆ ಅಡ್ಡ ನಿಂತು ಆದ ಸರೋವರ. ಅಲ್ಲಿಂದ ಧುಮುಕುವ ಕೆಗೊನ್ ಜಲಪಾತ 97 ಮೀಟರ್. ಕೆಳಗಿನಿಂದ ನೋಡಲು ಲಿಫ್ಟ್ ಇದೆ, ಟಿಕೆಟ್ ಕೊಟ್ಟಾದರೂ ಇಳಿಯಿರಿ. ಸರೋವರದ ಸುತ್ತ ಎಲೆ ಬಣ್ಣಕ್ಕೆ ಬರುವುದು ಅಕ್ಟೋಬರ್ ಮಧ್ಯದ ನಂತರ, ಕೆಳಗಿನ ದೇವಸ್ಥಾನಗಳ ಬಳಿ ನವೆಂಬರ್ ಮೊದಲಿಗೆ. ಸ್ವೆಟರ್ ಬೇಕೇ ಬೇಕು.

ಊಟದ ಬಗ್ಗೆ: ನಿಕ್ಕೋದ ಯುಬಾ ಸೋಯಾ ಹಾಲಿನ ಕೆನೆ, ಅದು ಶುದ್ಧ ಸಸ್ಯಾಹಾರ. ಆದರೆ ಅದನ್ನು ಬೇಯಿಸುವ ರಸ ಸಾಮಾನ್ಯವಾಗಿ ಮೀನಿನದು. ಟೂರ್‌ನ ಊಟವನ್ನು ಬದಲಾಯಿಸಿಕೊಡುವುದು ಅಪರೂಪ. ಊಟ ಸೇರಿಲ್ಲದ ಟೂರ್ ಆರಿಸಿ, ಪುಳಿಯೋಗರೆ ಕಟ್ಟಿಕೊಂಡು ಹೋಗಿ.

ಕೊನೆಯದಾಗಿ, ಇತ್ತೀಚೆಗೆ ನಮ್ಮ ಗುಂಪುಗಳಲ್ಲೇ ‘ಕಡಿಮೆ ರೇಟಿಗೆ ವ್ಯಾನ್, ಭಾರತೀಯ ಡ್ರೈವರ್’ ಎಂಬ ಸಂದೇಶಗಳು ಓಡಾಡುತ್ತಿವೆ. ನಮ್ಮಲ್ಲಿ ಯೆಲ್ಲೋ ಬೋರ್ಡ್ ಇರುವ ಹಾಗೆ ಇಲ್ಲಿ ಬಾಡಿಗೆಗೆ ಜನರನ್ನು ಒಯ್ಯುವ ವಾಹನಕ್ಕೆ ಹಸಿರು ನಂಬರ್ ಪ್ಲೇಟ್ ಇರಬೇಕು. ಬಿಳಿ ಪ್ಲೇಟಿನ ಗಾಡಿಯಲ್ಲಿ ದುಡ್ಡು ಪಡೆದು ಕರೆದೊಯ್ಯುವುದು ಕಾನೂನುಬಾಹಿರ. ಆ ಘಾಟಿಯಲ್ಲಿ ಏನಾದರೂ ಆದರೆ ವಿಮೆ ಕೈಗೆ ಸಿಗುವ ಭರವಸೆ ಇಲ್ಲ. ಟೂರ್ ಮಾರುವವರ ಪುಟದಲ್ಲಿ ಪ್ರವಾಸ ಏಜೆನ್ಸಿ ನೋಂದಣಿ ಸಂಖ್ಯೆ ಇದೆಯೇ ನೋಡಿ, ವ್ಯಾನ್ ಬಂದಾಗ ಪ್ಲೇಟ್ ಬಣ್ಣ ನೋಡಿ. ಬಿಳಿ ಇದ್ದರೆ, ದುಡ್ಡು ಕೊಟ್ಟಾಗಿದ್ದರೂ ಹತ್ತಬೇಡಿ, ಅಪ್ಪ-ಅಮ್ಮನನ್ನಂತೂ ಹತ್ತಿಸಲೇಬೇಡಿ. ಹಣ ವಾಪಸ್ ಕೇಳಲು ಗ್ರಾಹಕರ ಸಹಾಯವಾಣಿ 188ಕ್ಕೆ ಫೋನ್ ಮಾಡಿ.