ಬಿರುದಿನಂಥ ಹೆಸರು: ಗೇಮಿಂಗ್ ನಿಕ್‌ನೇಮ್ ಆರಿಸುವ ಬಗೆ

ಬಿಜಿಎಂಐ (ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ) ಆಟದಲ್ಲಿ ಯಾರನ್ನಾದರೂ ನಾಕ್ ಮಾಡಿದೊಡನೆ, ಅಂದರೆ ಹೊಡೆದು ಬೀಳಿಸಿದೊಡನೆ, ಪರದೆಯ ಮೂಲೆಯಲ್ಲಿ ಎರಡು ಹೆಸರುಗಳು ಮೂಡಿ ಮರೆಯಾಗುತ್ತವೆ. ಒಂದು ಹೊಡೆದವರದು, ಇನ್ನೊಂದು ಬಿದ್ದವರದು. ನೂರು ಮಂದಿ ಒಟ್ಟಿಗೆ ಇಳಿಯುವ ಮೈದಾನದಲ್ಲಿ ಬಹುಪಾಲು ಜನರಿಗೆ ನಿಮ್ಮ ಗುರುತೆಂದರೆ ಆ ಹೆಸರಷ್ಟೇ. ಆದರೂ ನಮ್ಮಲ್ಲಿ ಹೆಚ್ಚಿನವರು ಆಟವನ್ನು ಡೌನ್‌ಲೋಡ್ ಮಾಡಿಕೊಂಡ ಮೊದಲ ಎರಡು ನಿಮಿಷಗಳಲ್ಲೇ, ಒಂದು ಗುಂಡನ್ನೂ ಹಾರಿಸುವ ಮೊದಲೇ, ಹೆಸರನ್ನು ಟೈಪ್ ಮಾಡಿ ಮುಗಿಸಿರುತ್ತಾರೆ. ಹೀಗೆ ಇಟ್ಟ ಹೆಸರಿಗೂ ಆಟದ ರೀತಿಗೂ ಸಂಬಂಧವಿಲ್ಲದಿದ್ದರೆ ಆಶ್ಚರ್ಯವೇನಿಲ್ಲ.

ನಮ್ಮ ಹಿಂದಿನ ವೀರರ ಕ್ರಮ ಇದಕ್ಕೆ ತದ್ವಿರುದ್ಧವಾಗಿತ್ತು. ಗಂಗರ ದಂಡನಾಯಕ ಚಾವುಂಡರಾಯನು ಖೇಡಗದ ಕಾಳಗದಲ್ಲಿ ವಜ್ವಲದೇವನನ್ನು ಸೋಲಿಸಿ ‘ಸಮರಧುರಂಧರ’ನಾದ, ಗೋನೂರಿನ ಬಯಲಿನಲ್ಲಿ ನೊಳಂಬರೊಡನೆ ಕಾದಿ ‘ವೀರಮಾರ್ತಾಂಡ’ನಾದ, ಉಚ್ಚಂಗಿಯ ಕೋಟೆಯಲ್ಲಿ ಗೆದ್ದು ‘ರಣರಂಗಸಿಂಗ’ನಾದ. ಹೊಯ್ಸಳ ವಿಷ್ಣುವರ್ಧನನು ‘ತಲಕಾಡುಗೊಂಡ’ ಎನಿಸಿಕೊಂಡದ್ದು ಚೋಳರಿಂದ ತಲಕಾಡನ್ನು ಗೆದ್ದ ಮೇಲೆಯೇ ಹೊರತು ಮೊದಲಲ್ಲ. ಮೊದಲು ಕೆಲಸ, ಆಮೇಲೆ ಬಿರುದು ಎಂಬ ಈ ಕ್ರಮವನ್ನೇ ನಿಕ್‌ನೇಮ್‌ಗೂ ಅನುಸರಿಸಬಹುದು.

ಆದ್ದರಿಂದ ಮೊದಲ ಹೆಜ್ಜೆ ನಿಮ್ಮ ಆಟವನ್ನು ನೀವೇ ನೋಡಿಕೊಳ್ಳುವುದು. ತಾತ್ಕಾಲಿಕವಾಗಿ ಯಾವುದೋ ಒಂದು ಸರಳ ಹೆಸರಿಟ್ಟುಕೊಂಡು ಇಪ್ಪತ್ತು–ಮೂವತ್ತು ಮ್ಯಾಚ್ ಆಡಿ, ಬಳಿಕ ಪ್ರೊಫೈಲ್‌ನಲ್ಲಿರುವ ಅಂಕಿಅಂಶಗಳನ್ನು ತೆರೆಯಿರಿ. ಪ್ರತಿ ಮ್ಯಾಚ್‌ನ ಸರಾಸರಿ ಡ್ಯಾಮೇಜ್ ಹೆಚ್ಚಿದ್ದು ಬದುಕುಳಿದ ಸಮಯ ಕಡಿಮೆಯಿದ್ದರೆ ನೀವು ರಷರ್, ಅಂದರೆ ಸದ್ದು ಕೇಳಿದತ್ತ ನುಗ್ಗುವವರು. ಹೆಡ್‌ಶಾಟ್ ಪ್ರಮಾಣ ಎದ್ದು ಕಾಣುವಂತಿದ್ದು ಫಿನಿಶ್‌ಗಳು ಮಿತವಾಗಿದ್ದರೆ ದೂರದಿಂದ ಗುರಿಯಿಡುವ ಸ್ನೈಪರ್ ಇರಬಹುದು. ಡ್ಯಾಮೇಜ್ ತೀರಾ ಕಡಿಮೆಯಿದ್ದೂ ಕೊನೆಯ ಹತ್ತರಲ್ಲಿ ಸದಾ ಉಳಿಯುತ್ತಿದ್ದರೆ ಉತ್ತರ ನಿಮಗೇ ಗೊತ್ತಿದೆ: ನೀವು ಒಂದೆಡೆ ಅಡಗಿ ಕಾಯುವ ಕ್ಯಾಂಪರ್. ಅಂಕಿಗಳು ಹೇಳದ ಸಂಗತಿಗಳನ್ನು ಸ್ಕ್ವಾಡ್‌ನ ಗೆಳೆಯರಿಂದ ತಿಳಿಯಬೇಕು. ‘ನನ್ನ ಆಟದಲ್ಲಿ ಏನು ಚೆನ್ನಾಗಿದೆ’ ಎಂದು ಕೇಳಿದರೆ ಹೊಗಳಿಕೆಯಷ್ಟೇ ಸಿಗುತ್ತದೆ. ‘ನನ್ನನ್ನು ಯಾವುದಕ್ಕೆ ಹೆಚ್ಚು ಬೈಯುತ್ತೀರಿ’ ಎಂದು ಕೇಳಿದರೆ ಶೈಲಿ ತಿಳಿಯುತ್ತದೆ.

ಶೈಲಿ ತಿಳಿದ ಮೇಲೆ ಅದಕ್ಕೊಪ್ಪುವ ಪದವನ್ನು ಹುಡುಕಬೇಕು. ‘ಕಿಲ್ಲರ್’, ‘ಕಿಂಗ್’, ‘ಡೆವಿಲ್’ ಮೊದಲಾದವು ಪ್ರತಿ ಲಾಬಿಯಲ್ಲಿಯೂ ಡಜನ್‌ಗಟ್ಟಲೆ ಸಿಗುವುದರಿಂದ ಅವುಗಳ ಹಿಂದೆ ಸಂಖ್ಯೆಗಳನ್ನು ಪೋಣಿಸಬೇಕಾಗುತ್ತದೆ. ಕನ್ನಡದ ಪದಭಂಡಾರವನ್ನು ಈ ಕಣದಲ್ಲಿ ಇನ್ನೂ ಅಷ್ಟಾಗಿ ಯಾರೂ ಮುಟ್ಟಿಲ್ಲವೆಂಬುದು ನನ್ನ ಅನಿಸಿಕೆ. ನುಗ್ಗುವವರಿಗೆ ‘ಸಿಡಿಲು’ ಇದೆ. ಹತ್ತಿರದ ಕಾಳಗದಲ್ಲಿ ನುಸುಳಿ ನುಸುಳಿ ಹೊಡೆಯುವವರಿಗೆ ‘ಮುಂಗುಸಿ’ ಇದೆ. ಎತ್ತರದಲ್ಲಿ ಕೂತು ಕಾಯುವ ಸ್ನೈಪರ್‌ಗೆ ‘ಹದ್ದು’ ಇದೆ. ತಂಡವನ್ನು ನಡೆಸುವ ಐಜಿಎಲ್‌ಗೆ (ಇನ್-ಗೇಮ್ ಲೀಡರ್) ‘ಲೀಡರ್’ ಎನ್ನುವುದಕ್ಕಿಂತ ‘ದಳವಾಯಿ’ ಎಷ್ಟೋ ಮೇಲು. ಸ್ಮೋಕ್ ಎಸೆದು ತೆವಳಿಕೊಂಡು ಬಂದು ಗೆಳೆಯರನ್ನು ರಿವೈವ್ ಮಾಡುವ ಸಪೋರ್ಟರ್‌ಗೆ ‘ಸಂಜೀವಿನಿ’ಗಿಂತ ನೇರವಾದ ಹೆಸರು ಬೇಕಿಲ್ಲ.

ಮಹಾಭಾರತವಂತೂ ಇಂಥ ಹೆಸರುಗಳ ಗಣಿ. ಎರಡೂ ಕೈಯಿಂದ ಬಾಣ ಬಿಡಬಲ್ಲ ‘ಸವ್ಯಸಾಚಿ’ ಎಂಬುದು ದೂರದ ಸ್ನೈಪರ್ ಮತ್ತು ಹತ್ತಿರದ ಕಾಳಗದ ಎಸ್‌ಎಂಜಿ (ಸಬ್‌ಮಷೀನ್ ಗನ್) ಎರಡರಲ್ಲೂ ಪಳಗಿದವರಿಗೆ ಹೊಂದುತ್ತದೆ. ನಿದ್ರೆಯನ್ನು ಗೆದ್ದ ‘ಗುಡಾಕೇಶ’ ಎಂಬುದು ಮನೆಯವರೆಲ್ಲ ಮಲಗಿದ ಮೇಲೆ ರಾಂಕ್ ಪುಶ್ ಮಾಡುವವರಿಗೆ, ಅಂದರೆ ಶ್ರೇಯಾಂಕ ಏರಿಸಿಕೊಳ್ಳಲು ಆಡುವವರಿಗೆ. ಸದಾ ಜೀಪಿನ ಚಕ್ರ ಹಿಡಿಯುವವರು ‘ಸಾರಥಿ’ ಎಂದಿಟ್ಟುಕೊಳ್ಳಬಹುದು. ಆದರೆ ಗಾಡಿ ಓಡಿಸುತ್ತಲೇ ಮೈಕಿನಲ್ಲಿ ಹಿಂದಿನ ಸೀಟಿನವರ ಗುರಿಯನ್ನು ಹೀಯಾಳಿಸುವ ಅಭ್ಯಾಸವಿದ್ದರೆ ‘ಶಲ್ಯ’ ಎನ್ನುವುದೇ ಪ್ರಾಮಾಣಿಕ. ಇನ್ನು ಕ್ಯಾಂಪರ್‌ಗಳು ನಾಚಿಕೊಳ್ಳಬೇಕಾದ ಕಾರಣವಿಲ್ಲ. ಚಿತ್ರದುರ್ಗದ ಕೋಟೆಯ ಕಿಂಡಿಯ ಬಳಿ ನಿಂತು, ನುಸುಳಿ ಬಂದ ಹೈದರಾಲಿಯ ಸೈನಿಕರನ್ನು ಒಬ್ಬೊಬ್ಬರನ್ನಾಗಿ ಒನಕೆಯಿಂದ ಹೊಡೆದುರುಳಿಸಿದ ಓಬವ್ವನು ಮಾಡಿದ್ದು ಮತ್ತೇನು? ಬಾಗಿಲ ಹಿಂದೆ ಶಾಟ್‌ಗನ್ ಹಿಡಿದು ಕಾಯುವವರಿಗೆ ‘ಒನಕೆ’ ಎಂಬ ಹೆಸರು ಸೊಗಸಾಗಿಯೇ ಕೂಡಿಬರುತ್ತದೆ.

ಪದ ಸಿಕ್ಕಿದ ಮೇಲೆ ಅದನ್ನು ಗಟ್ಟಿಯಾಗಿ ಕೂಗಿ ನೋಡುವುದು ಮುಂದಿನ ಹೆಜ್ಜೆ. ಬಹಳ ಮಂದಿ ಮರೆಯುವುದು ಇದನ್ನೇ, ಏಕೆಂದರೆ ಹೆಸರನ್ನು ಕಣ್ಣಿನಿಂದ ಆರಿಸುತ್ತೇವೆ, ಬಳಸುವುದು ಮಾತ್ರ ಕಿವಿಯಿಂದ. ಗುಂಡಿನ ಮಳೆಯ ನಡುವೆ ಗೆಳೆಯನೊಬ್ಬ ಅರ್ಧ ಸೆಕೆಂಡಿನಲ್ಲಿ ಉಚ್ಚರಿಸಬಹುದಾದಷ್ಟು ಚಿಕ್ಕದಾಗಿರಬೇಕು. ಲೀಗ್ ಆಫ್ ಲೆಜೆಂಡ್ಸ್‌ನ ದಕ್ಷಿಣ ಕೊರಿಯಾದ ದಿಗ್ಗಜ ಲೀ ಸಾಂಗ್‌ಹ್ಯೋಕ್ ಅವರ ‘ಫೇಕರ್’, ಭಾರತದ ನಮನ್ ಮಾಥುರ್ ಅವರ ‘ಮಾರ್ಟಲ್’ ಹೆಸರುಗಳನ್ನು ಒಮ್ಮೆ ಕೂಗಿ ನೋಡಿದರೆ ಈ ಮಾತು ಅರ್ಥವಾಗುತ್ತದೆ. ಆಟದ ಮಾತುಕತೆಯಲ್ಲಿ ಸದಾ ಬರುವ ಪದಗಳಿಂದಲೂ ದೂರವಿರಬೇಕು. ನಿಮ್ಮ ಹೆಸರು ‘ಬಂಡೆ’ ಎಂದು ಊಹಿಸಿಕೊಳ್ಳಿ. ಮೈಕಿನಲ್ಲಿ “ಬಂಡೆ ಹಿಂದೆ ಒಬ್ಬನಿದ್ದಾನೆ” ಎಂದು ಕೇಳಿಸಿದಾಗ ಎದುರಿನ ಬಂಡೆಗಲ್ಲಿನತ್ತ ಗುಂಡು ಹಾರಿಸಬೇಕೋ, ನೀವೇ ಹಿಂತಿರುಗಿ ನೋಡಬೇಕೋ ಎಂದು ತಿಳಿಯುವಷ್ಟರಲ್ಲಿ ನಾಕ್ ಆಗಿರುತ್ತೀರಿ.

ಆಮೇಲೆ ಲಿಪಿಯ ಪ್ರಶ್ನೆ. ಹೆಸರಿನ ಉದ್ದಕ್ಕೆ ಪ್ರತಿ ಆಟದಲ್ಲಿಯೂ ಮಿತಿಯಿದೆ: ಫ್ರೀ ಫೈರ್ ಮ್ಯಾಕ್ಸ್‌ನಲ್ಲಿ 12 ಅಕ್ಷರ, ವ್ಯಾಲರಂಟ್ ಮತ್ತು ಪ್ಲೇಸ್ಟೇಷನ್‌ನಲ್ಲಿ 16. ಕನ್ನಡ ಲಿಪಿಯನ್ನು ಒಪ್ಪುವ ಕಡೆಯೂ ಲೆಕ್ಕ ನಾವೆಣಿಸಿದಂತೆ ಇರುವುದಿಲ್ಲ. ‘ಪರಾಕ್ರಮ’ ನಮ್ಮ ಕಣ್ಣಿಗೆ ನಾಲ್ಕೇ ಅಕ್ಷರ. ಯೂನಿಕೋಡ್‌ನಲ್ಲಿ ದೀರ್ಘದ ಗುರುತು, ವಿರಾಮದ ಗುರುತು ಹಾಗೂ ಒತ್ತಕ್ಷರಗಳು ಬೇರೆ ಬೇರೆಯಾಗಿ ಎಣಿಕೆಯಾಗುವುದರಿಂದ ಅದು ಏಳು. ಒತ್ತಕ್ಷರವಿಲ್ಲದ ಪದಗಳು ಈ ದೃಷ್ಟಿಯಿಂದ ಕ್ಷೇಮ. ರೋಮನ್ ಅಕ್ಷರಗಳಲ್ಲಿ ಬರೆಯುವುದಾದರೆ, ಹೊರಗಿನವರು ಅದನ್ನು ಹೇಗೆ ಓದುತ್ತಾರೆಂದು ಪರೀಕ್ಷಿಸಿಕೊಳ್ಳಬೇಕು. ‘ಬೇಟೆ’ ಎಂದು ಗತ್ತಿನಿಂದ ಹೆಸರಿಟ್ಟುಕೊಂಡವರನ್ನು ಹಿಂದಿ ಮಾತನಾಡುವ ಸಹ ಆಟಗಾರರು ‘ಮಗನೇ’ ಎಂಬರ್ಥದಲ್ಲಿ ಅಕ್ಕರೆಯಿಂದ ಕರೆಯತೊಡಗುತ್ತಾರೆ.

ಸ್ಟೈಲಿಶ್ ಹೆಸರು ತಯಾರಿಸಿಕೊಡುವ ತಾಣಗಳು ನೀಡುವ ದಪ್ಪ, ಬಾಗಿದ, ಬಳ್ಳಿಯಂಥ ಅಕ್ಷರಗಳು ನಿಜವಾಗಿ ಫಾಂಟ್‌ಗಳಲ್ಲ. ಅವುಗಳಲ್ಲಿ ಹೆಚ್ಚಿನವು ಗಣಿತದ ಬರವಣಿಗೆಗಾಗಿ ಯೂನಿಕೋಡ್‌ಗೆ ಸೇರಿಸಿದ ಚಿಹ್ನೆಗಳು. ಎರಡು ಪದಗಳ ನಡುವೆ ಕಾಣುವ ಖಾಲಿ ಜಾಗವು ಅನೇಕ ವೇಳೆ ಕೊರಿಯನ್ ಲಿಪಿಯ ಒಂದು ಕಾಣದ ಅಕ್ಷರ. ನೋಟಕ್ಕೆ ಅವು ಚೆಂದವೇ. ಆದರೆ ಹಳೆಯ ಫೋನ್‌ಗಳಲ್ಲಿ ಚೌಕಗಳಾಗಿ ಒಡೆಯುತ್ತವೆ, ಮತ್ತು ಫ್ರೆಂಡ್ ರಿಕ್ವೆಸ್ಟ್ ಕಳುಹಿಸಬೇಕೆಂದವರಿಗೆ ಕೀಬೋರ್ಡಿನಲ್ಲಿ ಆ ಅಕ್ಷರಗಳೇ ಸಿಗುವುದಿಲ್ಲ. ಅಲಂಕಾರ ಬೇಕೇ ಬೇಕೆಂದರೆ ಒಂದು ಚಿಹ್ನೆಗೆ ನಿಲ್ಲಿಸಬೇಕು. ಅಮೆರಿಕದ ವೃತ್ತಿಪರ ಗೇಮರ್ ಜೊನಾಥನ್ ವೆಂಡೆಲ್ ಅವರು ‘ಫೇಟಲಿಟಿ’ ಎಂಬ ತಮ್ಮ ಹೆಸರಿನಲ್ಲಿ ಒಂದು ‘ಐ’ ಅಕ್ಷರದ ಬದಲಿಗೆ 1 ಎಂಬ ಅಂಕಿಯನ್ನು ಇಟ್ಟರು. ಆ ಒಂದೇ ಬದಲಾವಣೆಯ ಹೆಸರು ಮುಂದೆ ಮದರ್‌ಬೋರ್ಡ್, ಸೌಂಡ್ ಕಾರ್ಡ್‌ಗಳ ಮೇಲೆ ಅಚ್ಚಾಗುವ ಬ್ರ್ಯಾಂಡ್ ಆಯಿತು.

ಅಂಕಿಗಳ ವಿಷಯದಲ್ಲಿ, ಮುಖ್ಯವಾಗಿ ಮಕ್ಕಳ ಹೆಸರಿನಲ್ಲಿ, ಎಚ್ಚರ ಬೇಕು. ಹುಟ್ಟಿದ ವರ್ಷ ವಯಸ್ಸನ್ನು ಬಿಟ್ಟುಕೊಡುತ್ತದೆ. ‘ಕೆಎ 25’ ಎಂದರೆ ಧಾರವಾಡದವರೆಂದು, ‘ಕೆಎ 19’ ಎಂದರೆ ಮಂಗಳೂರಿನವರೆಂದು ಗಾಡಿಯ ನಂಬರ್ ಪ್ಲೇಟ್ ಬಲ್ಲ ಯಾರಿಗಾದರೂ ತಿಳಿಯುತ್ತದೆ. ಊರಿನ ಅಭಿಮಾನ ತಪ್ಪಲ್ಲ. ವಯಸ್ಸು, ಊರು, ಶಾಲೆ ಮೂರೂ ಒಂದೇ ಹೆಸರಿನಲ್ಲಿ ಸೇರುವುದು ತಪ್ಪು. ಜಾತಿಸೂಚಕ ಪದ, ಬೈಗುಳಗಳಂತೂ ಬೇಡವೇ ಬೇಡ.

ಹೆಸರನ್ನು ಅಂತಿಮಗೊಳಿಸುವ ಮೊದಲು ಬದಲಾವಣೆಯ ಖರ್ಚನ್ನು ತಿಳಿದುಕೊಳ್ಳಿ. ಬಿಜಿಎಂಐನಲ್ಲಿ ರೀನೇಮ್ ಕಾರ್ಡ್ ಬೇಕು. ಫ್ರೀ ಫೈರ್ ಮ್ಯಾಕ್ಸ್‌ನಲ್ಲಿ 390 ಡೈಮಂಡ್ ತೆರಬೇಕು. ಕಂಪ್ಯೂಟರ್ ಆಟಗಳ ತಾಣವಾದ ಸ್ಟೀಮ್‌ನಲ್ಲಿ ಪ್ರೊಫೈಲ್ ಹೆಸರು ಬದಲಿಸುವುದು ಉಚಿತವಾದರೂ ಹಿಂದಿನ ಹೆಸರುಗಳ ಪಟ್ಟಿ ಇತರರಿಗೆ ಕಾಣಬಹುದು. ಚದುರಂಗದ ಲಿಚೆಸ್ ತಾಣದಲ್ಲಂತೂ ಒಮ್ಮೆ ಇಟ್ಟ ಹೆಸರನ್ನು ಬೇರೆ ಹೆಸರಿಗೆ ಬದಲಿಸಲಾಗುವುದಿಲ್ಲ.

ಹೀಗಾಗಿ ಕಾರ್ಡ್ ಬಳಸುವ ಮುನ್ನ, ಹೊಸ ಹೆಸರಿನಿಂದಲೇ ಕರೆಯುವಂತೆ ಸ್ಕ್ವಾಡ್‌ನವರಿಗೆ ಒಂದು ವಾರ ಹೇಳಿ ನೋಡಿ. ಎರಡನೇ ದಿನಕ್ಕೆ ಅವರು ಅದನ್ನು ಮರೆತರೆ ಪದ ಬದಲಿಸಬೇಕು. ‘ಸವ್ಯಸಾಚಿ’ಯನ್ನು ಅವರಾಗಿಯೇ ‘ಸವ್ಯ’ ಎಂದು ಮೊಟಕುಗೊಳಿಸಿದರೆ ಬೇಸರಿಸದೆ ಆ ಎರಡಕ್ಷರವನ್ನೇ ತೆಗೆದುಕೊಳ್ಳಿ. ಮುಂದೆ ಯಾವುದಾದರೂ ಕ್ಲ್ಯಾನ್ (ಆಟಗಾರರ ಗುಂಪು) ಸೇರಿದಾಗ ಹೆಸರಿನೊಡನೆ ಸೇರಿಸುವ ಅದರ ಟ್ಯಾಗ್‌ಗೂ ಜಾಗ ಉಳಿದಿರುತ್ತದೆ.