ಬಟ್ಟೆಯ ನಗರವನ್ನು ಕಟ್ಟುವ ಕ್ರಮ: ಕಲ್ಪನಾಲೋಕದ ಬರಹಗಾರರಿಗೆ

ಕಥೆಗಾಗಲಿ ಆಟಕ್ಕಾಗಲಿ ಪೂರ್ತಿ ಬಟ್ಟೆಯಿಂದಲೇ ಆದ ನಗರವೊಂದನ್ನು ಕಲ್ಪಿಸಲು ಹೊರಟವರು ಸಾಮಾನ್ಯವಾಗಿ ಕಲ್ಲಿನ ನಗರವನ್ನೇ ಮನಸ್ಸಿನಲ್ಲಿಟ್ಟುಕೊಂಡು, ಗೋಡೆಗೆ ಮಖಮಲ್ಲು, ಬೀದಿಗೆ ಜಮಖಾನ, ಗೋಪುರಕ್ಕೆ ರೇಷ್ಮೆ ಎಂದು ಹೊದಿಸುತ್ತಾ ಹೋಗುತ್ತಾರೆ. ಅಂಥ ನಗರ ನೋಡಲು ಚೆಂದವಾಗಿದ್ದರೂ ಎರಡು ಪುಟ ದಾಟುವಷ್ಟರಲ್ಲಿ ಸಪ್ಪೆಯಾಗುತ್ತದೆ, ಏಕೆಂದರೆ ಅಲ್ಲಿ ಬಟ್ಟೆ ಬರೀ ಅಲಂಕಾರವಾಗಿರುತ್ತದೆ. ನಗರದ ಕಟ್ಟಡ, ಕಸುಬು, ಕಾನೂನು, ಭಯ ಎಲ್ಲವೂ ನೂಲಿನ ಗುಣದಿಂದಲೇ ಹುಟ್ಟಬೇಕು.

ಮೊದಲು ಭಾರದ ಪ್ರಶ್ನೆಯನ್ನು ಬಗೆಹರಿಸಿಕೊಳ್ಳಿ. ಕಲ್ಲು ಒತ್ತಡವನ್ನು ಚೆನ್ನಾಗಿ ತಾಳುತ್ತದೆ, ಎಳೆತವನ್ನು ಅಷ್ಟಾಗಿ ತಾಳುವುದಿಲ್ಲ. ಬಟ್ಟೆ ಎಳೆದಷ್ಟೂ ಬಿಗಿಯಾಗಿ ನಿಲ್ಲುತ್ತದೆ, ಮೇಲಿನಿಂದ ಒತ್ತಿದರೆ ಮುದುಡಿ ಬೀಳುತ್ತದೆ. ಹೀಗಾಗಿ ಬಟ್ಟೆಯ ನಗರ ನೆಲದಿಂದ ಮೇಲೇಳುವುದಕ್ಕಿಂತ ಮೇಲಿನಿಂದ ಇಳಿಬೀಳುವುದೇ ಸಹಜ. ಎರಡು ಬೆಟ್ಟಗಳ ನಡುವೆ ಹಗ್ಗಗಳನ್ನು ಬಿಗಿದು ಅದರಡಿ ಮನೆಗಳನ್ನು ತೂಗುಬಿಡಬಹುದು. ಇಲ್ಲವೇ ಒತ್ತಿ ಕಟ್ಟಿದ ಹತ್ತಿಯ ಅಂಡಿಗೆಗಳನ್ನು ಕಂಬಗಳಾಗಿ ನಿಲ್ಲಿಸಿ, ನಾಲ್ಕು ದಿಕ್ಕಿನಿಂದ ಹಗ್ಗ ಎಳೆದು ಅವು ವಾಲದಂತೆ ಮಾಡಬಹುದು. ಚಾವಣಿಯನ್ನು ಮಾತ್ರ ಚಪ್ಪಟೆಯಾಗಿ ಹಾಸಬೇಡಿ. ಚಪ್ಪಟೆ ಬಟ್ಟೆ ಗಾಳಿಗೆ ಪಟಪಟನೆ ಬಡಿದುಕೊಂಡು ಹರಿಯುತ್ತದೆ. ಕುದುರೆಯ ಜೀನಿನಂತೆ ಒಂದು ದಿಕ್ಕಿಗೆ ಮೇಲಕ್ಕೂ ಇನ್ನೊಂದು ದಿಕ್ಕಿಗೆ ಕೆಳಕ್ಕೂ ಬಾಗಿದ ಚಾವಣಿ ಗಾಳಿಯನ್ನು ತಡೆದು ನಿಲ್ಲುತ್ತದೆ. ಪೆರುವಿನ ಆಂಡಿಸ್ ಪರ್ವತಗಳಲ್ಲಿ ಆಪುರಿಮಾಕ್ ನದಿಗೆ ಅಡ್ಡಲಾಗಿರುವ ಕೆಸ್ವಚಾಕ ಸೇತುವೆಯನ್ನು ಹುಲ್ಲನ್ನು ಹೊಸೆದ ಹಗ್ಗಗಳಿಂದಲೇ ಕಟ್ಟಲಾಗಿದ್ದು, ಸುತ್ತಲಿನ ಸಮುದಾಯಗಳು ಒಟ್ಟಾಗಿ ಅದನ್ನು ಪ್ರತಿವರ್ಷ ಹೊಸದಾಗಿ ಹೆಣೆಯುತ್ತವೆ. ವರ್ಷಕ್ಕೊಮ್ಮೆ ಸೇತುವೆಯನ್ನು ಬಿಚ್ಚಿ ಕಟ್ಟಲೇಬೇಕಾದ ಊರಿನಲ್ಲಿ ಆ ಸರದಿಯನ್ನು ತಪ್ಪಿಸಿಕೊಂಡವನಿಗೆ ಏನಾಗುತ್ತದೆ ಎಂದು ಕೇಳಿಕೊಂಡರೆ ಒಂದು ಕಥೆ ಅಲ್ಲಿಯೇ ಸಿಗುತ್ತದೆ.

ಬಳಿಕ ಬಡಾವಣೆಗಳನ್ನು ಬಟ್ಟೆಯ ರಚನೆಗೆ ಅನುಗುಣವಾಗಿ ವಿಂಗಡಿಸಿ. ನೇಯ್ದ ಬಡಾವಣೆಯಲ್ಲಿ ಬೀದಿಗಳು ಹಾಸು ಮತ್ತು ಹೊಕ್ಕಿನ, ಅಂದರೆ ಉದ್ದ ಎಳೆ ಮತ್ತು ಅಡ್ಡ ಎಳೆಗಳ, ಗುಂಟ ನೇರವಾಗಿ ಸಾಗುತ್ತವೆ. ಅದೇ ಬಟ್ಟೆಯನ್ನು 45 ಡಿಗ್ರಿ ಕೋನದಲ್ಲಿ ಎಳೆದರೆ ಹಿಗ್ಗುವುದರಿಂದ ಓರೆದಾರಿಗಳು ಭಾರದ ಬಂಡಿಗಳ ಕೆಳಗೆ ಜೋಲುತ್ತವೆ, ಹಾಗಾಗಿ ಅಲ್ಲಿ ನಡೆದು ಹೋಗುವವರಿಗೆ ಮಾತ್ರ ಅನುಮತಿ. ಹೆಣೆದ ಬಡಾವಣೆ ಬೆಚ್ಚಗಿರುತ್ತದೆ, ಹಬ್ಬದ ಜನಜಂಗುಳಿಗೆ ಹಿಗ್ಗಿಕೊಡುತ್ತದೆ. ಆದರೆ ಒಂದು ಕುಣಿಕೆ ಕಡಿದರೆ ಸಾಲು ಸಾಲೇ ಬಿಚ್ಚಿಕೊಳ್ಳುತ್ತದೆ. ಕೋಟೆಗೆ ನನ್ನ ಆಯ್ಕೆ ಫೆಲ್ಟ್. ಬಿಸಿನೀರು ಮತ್ತು ತುಳಿತಕ್ಕೆ ಉಣ್ಣೆಯ ಕೂದಲಿನ ಮೇಲಿರುವ ಸೂಕ್ಷ್ಮ ಹುರುಪೆಗಳು ಒಂದಕ್ಕೊಂದು ಸಿಕ್ಕಿಕೊಂಡು ಗಟ್ಟಿಯಾಗುವ ಈ ವಸ್ತುವಿನಲ್ಲಿ ನೇಯ್ಗೆಯೇ ಇಲ್ಲ, ಆದ್ದರಿಂದ ಕತ್ತರಿಸಿದರೂ ಎಳೆ ಬಿಡುವುದಿಲ್ಲ. ಮಧ್ಯ ಏಷ್ಯಾದ ಅಲೆಮಾರಿಗಳು ತಮ್ಮ ಡೇರೆಗಳಿಗೆ ಇದನ್ನೇ ಹೊದಿಸುತ್ತಾ ಬಂದಿದ್ದಾರೆ.

ಎಲ್ಲಕ್ಕಿಂತ ಹೆಚ್ಚು ಯೋಚಿಸಬೇಕಾದದ್ದು ಮಳೆಯ ಬಗ್ಗೆ. ನೀರು ತಾಕಿದ ಕೂಡಲೇ ಬಟ್ಟೆಯ ನಗರ ಹಾಳಾಗುತ್ತದೆ ಎಂಬುದು ಅವಸರದ ಊಹೆ. ಹತ್ತಿಯ ನೂಲು ಒದ್ದೆಯಾದಾಗ ಇನ್ನಷ್ಟು ಬಲವಾಗುತ್ತದೆ, ಉಣ್ಣೆ ಮತ್ತು ರೇಯಾನ್ ದುರ್ಬಲವಾಗುತ್ತವೆ. ಉಣ್ಣೆ ತನ್ನ ತೂಕದ ಸುಮಾರು ಶೇ 30ರಷ್ಟು ತೇವವನ್ನು ಹೀರಿಕೊಂಡರೂ ಮುಟ್ಟಿದವರಿಗೆ ಒದ್ದೆಯೆನಿಸುವುದಿಲ್ಲ. ಒತ್ತಾಗಿ ನೇಯ್ದ ಹತ್ತಿಯ ಕ್ಯಾನ್ವಾಸ್ ನೆನೆದಾಗ ನೂಲು ಉಬ್ಬಿ ಸಂದುಗಳು ಮುಚ್ಚಿಕೊಳ್ಳುವುದರಿಂದ ನೀರು ಒಳಗೆ ಇಳಿಯುವುದು ಕಡಿಮೆಯಾಗುತ್ತದೆ. ಇನ್ನು ಹುರಿ ಹಾಕಿದ ಹತ್ತಿ ಅಥವಾ ಸೆಣಬಿನ ಹಗ್ಗ ನೆನೆದಾಗ ದಪ್ಪವಾಗಿ, ಉದ್ದದಲ್ಲಿ ಕುಗ್ಗುತ್ತದೆ.

ಈ ಕೊನೆಯ ಗುಣವೊಂದೇ ಇಡೀ ಕಸುಬಿಗೆ ಸಾಕು. ಮೊದಲ ಹನಿ ಬಿದ್ದೊಡನೆ ಸಡಿಲಿಗರು ಮನೆಯಿಂದ ಹೊರಬಿದ್ದು ಗಂಟಿನಿಂದ ಗಂಟಿಗೆ ಓಡುತ್ತಾರೆ. ಹಗ್ಗ ಸೆಟೆದು ಕಂಬಗಳನ್ನು ಕಿತ್ತುಹಾಕುವ ಮೊದಲು ಪ್ರತಿ ಗಂಟನ್ನೂ ಒಂದೊಂದು ಗೇಣು ಬಿಡಬೇಕು. ಹಳಬರು ಹಗ್ಗವನ್ನು ಬೆರಳಿನಿಂದ ಮೀಟಿ, ನಾದ ಏರಿದ್ದನ್ನು ಕೇಳಿಯೇ ಎಷ್ಟು ಬಿಡಬೇಕೆಂದು ಹೇಳುತ್ತಾರೆ. ಮಳೆ ನಿಂತು ಬಿಸಿಲೇರಿದಾಗ ನಗರವೆಲ್ಲ ಜೋಲಲಾರಂಭಿಸುತ್ತದೆ; ಮೇಲಿನ ಮನೆಯ ನೆಲ ಕೆಳಗಿನ ಮನೆಯವರ ತಲೆಗೆ ತಾಗುತ್ತದೆ, ನೆರೆಹೊರೆಯ ಜಗಳಗಳು ಶುರುವಾಗುತ್ತವೆ. ಇಂಥ ನಗರದಲ್ಲಿ ಮಳೆಗಾಲದ ಕೂಲಿ ಒಂದು, ಬೇಸಿಗೆಯ ಕೂಲಿ ಇನ್ನೊಂದು, ಮತ್ತು ಸಡಿಲಿಗರು ಮುಷ್ಕರ ಹೂಡಿದರೆ ಅರಮನೆಯೇ ನಡುಗುತ್ತದೆ.

ಬೆಂಕಿಯ ವಿಷಯದಲ್ಲಿ ಹತ್ತಿಯೂ ಉಣ್ಣೆಯೂ ಬೇರೆಬೇರೆ. ಹತ್ತಿ ಬೇಗನೆ ಹೊತ್ತಿಕೊಂಡು ಉರಿಯುತ್ತದೆ. ಉಣ್ಣೆಗೆ ಬೆಂಕಿ ಸುಲಭವಾಗಿ ಹತ್ತುವುದಿಲ್ಲ, ಕಿಡಿಯನ್ನು ದೂರ ಸರಿಸಿದರೆ ಅದು ಹೆಚ್ಚಾಗಿ ತಾನೇ ಆರುತ್ತದೆ. ಅಡುಗೆಮನೆ, ಕಮ್ಮಾರಸಾಲೆಗಳನ್ನು ಉಣ್ಣೆಯ ಕೇರಿಯಲ್ಲಿಡುವುದಕ್ಕೆ ಇಷ್ಟು ಕಾರಣ ಸಾಕು. ಆ ಕೇರಿಗೆ ಬೇರೆ ಶತ್ರುವಿದೆ: ಉಣ್ಣೆಯನ್ನು ತಿನ್ನುವುದು ಹಾರಾಡುವ ನುಸಿಯಲ್ಲ, ಅದರ ಮರಿಹುಳು. ಕಾವಲುಗಾರರು ನುಸಿ ಹೊಡೆಯುತ್ತಾ ಕೂತರೆ ಪ್ರಯೋಜನವಿಲ್ಲ, ಕತ್ತಲೆಯ ಮಡಿಕೆಗಳನ್ನು ಬಿಡಿಸಿ ಬಿಸಿಲಿಗೆ ಒಡ್ಡಬೇಕು. ರೇಷ್ಮೆಗೆ ಆ ಬಿಸಿಲೇ ವೈರಿ. ದೀರ್ಘಕಾಲ ಬಿಸಿಲು ಬಿದ್ದ ರೇಷ್ಮೆ ಬಣ್ಣಗೆಟ್ಟು ಜೀರ್ಣವಾಗುತ್ತದೆ. ಸಿರಿವಂತರು ರೇಷ್ಮೆಯ ಮನೆ ಕಟ್ಟಿಕೊಂಡು ಅದಕ್ಕೆ ನೆರಳು ಮಾಡಲು ಬಡವರ ಹತ್ತಿಯ ಚಪ್ಪರಗಳನ್ನು ಬಾಡಿಗೆಗೆ ಹಿಡಿಯಲಿ.

ಜನಜೀವನವನ್ನು ಬರೆಯುವಾಗ ತೇಪೆಯನ್ನು ಮರೆಯಬೇಡಿ. ಹರಿದದ್ದನ್ನು ಎದ್ದು ಕಾಣುವಂತೆ ಹೊಲಿಯುವುದು ಗೌರವವೇ, ಕಾಣದಂತೆ ರಫು ಮಾಡುವುದು ಗೌರವವೇ ಎಂಬುದನ್ನು ಮೊದಲೇ ನಿರ್ಧರಿಸಿದರೆ ಮನೆತನಗಳ ಸ್ವಭಾವ ತಾನಾಗಿ ಹೊರಬರುತ್ತದೆ. ದಾಖಲೆಗಳಿಗೆ ಕಾಗದ ಬೇಕಿಲ್ಲ. ಇಂಕಾ ಸಾಮ್ರಾಜ್ಯದವರು ಕಿಪು ಎಂಬ ಗಂಟುಹಾಕಿದ ದಾರಗಳಲ್ಲಿ ಲೆಕ್ಕಗಳನ್ನು ಇಡುತ್ತಿದ್ದರು. ನಿಮ್ಮ ನಗರದ ಲೆಕ್ಕಿಗನೊಬ್ಬ ಲಂಚ ತಿಂದು ರಾತ್ರೋರಾತ್ರಿ ಒಂದು ಗಂಟನ್ನು ಬಿಚ್ಚಬಹುದು, ಆದರೆ ಗಂಟು ಇದ್ದ ಜಾಗದಲ್ಲಿ ದಾರದ ಸುಕ್ಕು ಉಳಿಯುತ್ತದೆ.

ಕರಡು ಮುಗಿದ ಮೇಲೆ ಯಾವುದಾದರೂ ಒಂದು ಸನ್ನಿವೇಶವನ್ನು ಆರಿಸಿಕೊಂಡು, ಬಟ್ಟೆಗೆ ಸಂಬಂಧಿಸಿದ ಪದಗಳ ಜಾಗದಲ್ಲಿ ಕಲ್ಲು, ಇಟ್ಟಿಗೆ, ಮರ ಎಂದು ಹಾಕಿ ಓದಿ ನೋಡಿ. ಏನೂ ಕೆಡದೆ ಕಥೆ ಮುಂದೆ ಸಾಗಿದರೆ ಆ ಸನ್ನಿವೇಶವನ್ನು ಮತ್ತೆ ಬರೆಯಬೇಕು. ಆಗ ಹೊಸ ವರ್ಣನೆಯನ್ನು ಸೇರಿಸುವ ಬದಲು, ಅಲ್ಲಿನ ಪಾತ್ರಕ್ಕೆ ಬಿಚ್ಚಬೇಕಾದ, ಬಿಗಿಯಬೇಕಾದ ಅಥವಾ ಹೊಲಿಯಬೇಕಾದ ಒಂದು ಕೆಲಸವನ್ನು ಕೊಡಿ.