ಎರಡು ಮದುವೆ, ಒಂದು ಬೂದಿ ದಿಬ್ಬ

ಬಳ್ಳಾರಿಯಲ್ಲಿ ನಾನು ಮದುವೆ ವಿಡಿಯೋದವನು ಅಂತಲೇ ಎಲ್ಲರಿಗೂ ಗೊತ್ತು. ಅದು ನಿಜವೇ. ಮುಹೂರ್ತದ ತಿಂಗಳುಗಳಲ್ಲಿ ದುಡಿದದ್ದನ್ನು ಆಷಾಢದಲ್ಲಿ ಸಾಕ್ಷ್ಯಚಿತ್ರಕ್ಕೆ ಸುರಿಯುತ್ತೇನೆ.

ಮೊದಲ ಚಿತ್ರಕ್ಕೆ ಬಳ್ಳಾರಿ ಹತ್ತಿರದ ಕುಡತಿನಿಯ ಬೂದಿ ದಿಬ್ಬ, ಅಂದರೆ ಸಾವಿರಾರು ವರ್ಷ ಹಳೆಯ ಬೂದಿಯ ಗುಡ್ಡೆ, ಆರಿಸಿಕೊಂಡೆ. ಹಂಪಿ ಬಿಟ್ಟು ಇದ್ಯಾಕೆ ಅಂತ ಮನೆಯಲ್ಲೂ ಕೇಳಿದರು. ಹಂಪಿಯಲ್ಲಿ ಕ್ಯಾಮೆರಾ ಎಲ್ಲಿಟ್ಟರೂ ಚಿತ್ರ ಬರುತ್ತದೆ, ಅಲ್ವಾ? ನನಗೆ ಬೇರೆ ಏನಾದರೂ ಬೇಕಿತ್ತು.

ಮೊದಲ ದಿನ ನಡುಮಧ್ಯಾಹ್ನ ಹೋಗಿ ಎರಡು ಗಂಟೆ ಶೂಟ್ ಮಾಡಿದೆ. ಮನೆಗೆ ಬಂದು ನೋಡಿದರೆ ಬರೀ ಬೂದು ಗುಡ್ಡೆ. ಅಲ್ಲೇ ದನ ಮೇಯಿಸುತ್ತಿದ್ದ ಅಜ್ಜ ಆಗಲೇ ಕೇಳಿದ್ದರು: "ಬೂದಿ ಶೂಟಿಂಗ್ ಮಾಡಾಕ ಬಂದೀಯೇನಪ್ಪಾ?" ಬೆಳಗಿನ ಓರೆ ಬಿಸಿಲಲ್ಲಿ ಮತ್ತೆ ಹೋದಾಗ ಬೂದಿಯ ಪದರಗಳು ಎದ್ದು ಕಂಡವು.

ಹಂಪಿ ಹತ್ತಿರದ ನಿಂಬಾಪುರದಲ್ಲಿರುವ ಇಂಥದೇ ದಿಬ್ಬದ ಬೂದಿ ವಾಲಿಯನ್ನು ಸುಟ್ಟದ್ದು ಅಂತಾರೆ ಜನ. ಇಂಥ ದಿಬ್ಬಗಳು ಸಗಣಿ ಸುಟ್ಟ ಬೂದಿ ಅಂತ 19ನೇ ಶತಮಾನದಲ್ಲೇ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಹೇಳಿದ್ದರು. 1957ರಲ್ಲಿ ಪುರಾತತ್ವಜ್ಞ ಆಲ್ಚಿನ್ ಈಗಿನ ತೆಲಂಗಾಣದ ಉಟ್ನೂರಿನ ದಿಬ್ಬ ಅಗೆಸಿದಾಗ ದನದ ಗೊರಸಿನ ಗುರುತುಗಳೇ ಸಿಕ್ಕವು. ಅಂದರೆ ಹೊಸ ಶಿಲಾಯುಗದವರ ದನದ ದೊಡ್ಡಿ. ಸಗಣಿಯನ್ನು ಯಾಕೆ ಸುಟ್ಟರು ಅನ್ನುವ ಬಗ್ಗೆ ವಿದ್ವಾಂಸರ ವಾದ ಇನ್ನೂ ಮುಗಿದಿಲ್ಲ.

ನಾನೂ ಸುಟ್ಟು ತೋರಿಸೋಣ ಅಂತ ನೂರು ಕುಳ್ಳು ಕೊಂಡು ರಾಶಿ ಹಾಕಿ ಬೆಂಕಿ ಹಚ್ಚಿದೆ. ಗಾಳಿ ತಿರುಗಿತು. ಬೂದಿಯೆಲ್ಲ ಲೆನ್ಸ್ ಒಳಗೆ! ರಿಪೇರಿಗೆ ಒಂದು ಮದುವೆಯ ಸಂಪಾದನೆ ಹೋಯಿತು. ದಿಬ್ಬದಲ್ಲಿ ಇಟ್ಟಿಗೆ ಭಟ್ಟಿಯಲ್ಲಿ ಕರಗಿದಂಥ, ಗಾಜಿನ ಹಾಗಿನ ಗಟ್ಟಿ ಉಂಡೆಗಳಿವೆ. ನನ್ನ ರಾಶಿಯಲ್ಲಿ ಉಳಿದದ್ದು ಊದಿದರೆ ಹಾರುವ ಪುಡಿ.

ಅಜ್ಜ ನಕ್ಕರು. "ಕುಳ್ಳು ಸುಟ್ರ ಅಷ್ಟ ಆಗತೈತಿ. ದೊಡ್ಡ ತಿಪ್ಪಿಗೆ ಬೆಂಕಿ ಬಿದ್ರ ನೋಡು, ಒಳಗಿಂದೊಳಗ ದಿನಗಟ್ಲೆ ಸುಡತೈತಿ." ತಜ್ಞರ ಸಂದರ್ಶನಕ್ಕಿಂತ ಈ ಎರಡು ಮಾತು ಚಿತ್ರಕ್ಕೆ ಜಾಸ್ತಿ ಕೆಲಸಕ್ಕೆ ಬಂತು. ಆಮೇಲೆ ದಿಬ್ಬ ಬಿಟ್ಟು ಅಜ್ಜನ ಹಿಂದೆಯೇ ತಿರುಗಿದೆ. ಮಳೆ ಬಂದ ಮರುದಿನ ಸಂಜೆ ಅವರ ದನಗಳು ಕೊಟ್ಟಿಗೆಗೆ ಬರುವಾಗ ಕ್ಯಾಮೆರಾವನ್ನು ನೆಲಕ್ಕೆ ಇಟ್ಟು ಕಾದೆ. ಕೆಸರಲ್ಲಿ ಒಂದೊಂದೇ ಗೊರಸು ಊರಿ, ಏಳುತ್ತಿತ್ತು. ಗುಳಿಯಲ್ಲಿ ನೀರು ಮೆಲ್ಲಗೆ ತುಂಬಿಕೊಳ್ಳುತ್ತಿತ್ತು. ಚಿತ್ರ ಶುರುವಾಗುವುದೇ ಅಲ್ಲಿಂದ.

ಅದೇ ಕುಡತಿನಿಯಲ್ಲಿ ಈಗ ಕಲ್ಲಿದ್ದಲು ಸುಡುವ ಥರ್ಮಲ್ ಸ್ಥಾವರವಿದೆ. ಅಲ್ಲಿನ ಹಾರುಬೂದಿಯನ್ನೂ ನಾಲ್ಕು ಸಾವಿರ ವರ್ಷ ಮೀರಿದ ಬೂದಿಯನ್ನೂ ಪಕ್ಕಪಕ್ಕ ಜೋಡಿಸಿದೆ. ಮಾತು ಬೇಕಾಗಲಿಲ್ಲ. ಬರೆದಿಟ್ಟಿದ್ದ ಒಂದು ಪುಟ ಕಾಮೆಂಟರಿಯನ್ನು ಸುಮ್ನೆ ತೆಗೆದು ಹಾಕಿದೆ.

ಈ ಆಷಾಢಕ್ಕೆ ಸಂಗನಕಲ್ಲಿನ ಹತ್ತಿರದ ಕುಪ್ಪಗಲ್ಲು ಗುಡ್ಡ. ಅಲ್ಲಿಯ ಕೆಲವು ಕರಿಬಂಡೆಗಳಿಗೆ ಕಲ್ಲಿಂದ ಹೊಡೆದರೆ ಗಂಟೆಯ ಹಾಗೆ ನಾದ ಬರುತ್ತದೆ. ಒಳ್ಳೆ ಮೈಕ್ ಕೊಳ್ಳಲು ಇನ್ನೂ ಎರಡು ಮದುವೆ ಬೇಕು.